ಕೆಂಪು ದಾರ ಕಟ್ಟಿದ ಕೀಮಾ ಮಷೀನು

ಜೂನ್ ೧, ಭಾನುವಾರ

ಇವತ್ತು ನಾನು ಮತ್ತು ಅಮ್ಮ ಆರು ಕಿಲೋ ಕೋಳಿ ಸಾಸೇಜು ಮಾಡಿದೆವು. ಹನ್ನೊಂದು ಮನೆಗಳಿಗೆ. ಗೋಧಿ ಒಗ್ಗದವರು, ಹಾಲು ಒಗ್ಗದವರು, ಬೆಳ್ಳುಳ್ಳಿಯ ವಾಸನೆಗೇ ಹೊಟ್ಟೆ ಹಿಡಿದುಕೊಳ್ಳುವ ಒಬ್ಬ ನಿವೃತ್ತ ಮೇಷ್ಟ್ರು. ಇವರೆಲ್ಲ ಇಷ್ಟು ದಿನ ಫ್ಯಾಕ್ಟರಿಯ ಲೇಬಲ್ಲನ್ನು ನಂಬಿ ಬದುಕಬೇಕಿತ್ತು. ಇನ್ನು ಬೇಕಿಲ್ಲ. ನಮ್ಮ ಪ್ರತಿಯೊಂದು ಸಾಸೇಜೂ ಒಂದು ಕರಪತ್ರ. ಈ ವಾಕ್ಯ ಚೆನ್ನಾಗಿದೆ, ಭಾಷಣದಲ್ಲಿ ಬಳಸಬೇಕು.

ಮಾಡುವ ಕ್ರಮವನ್ನು ಬರೆದಿಡುತ್ತೇನೆ. ಗುಟ್ಟು ಎನ್ನುವುದು ವ್ಯಾಪಾರಿಗಳ ಚಟ. ಮೂಳೆ ಬಿಡಿಸಿದ ಕೋಳಿ ತೊಡೆ, ಚರ್ಮದ ಸಮೇತ. ಎದೆಯ ಮಾಂಸ ಒಣಗಿ ರಟ್ಟಾಗುತ್ತದೆ. ಸಣ್ಣ ತುಂಡು ಮಾಡಿ, ಅಂಚು ಗಟ್ಟಿಯಾಗುವ ತನಕ ಫ್ರೀಜರಿನಲ್ಲಿಡಬೇಕು. ಕೀಮಾ ಮಷೀನಿನ ತಿರುಪು, ಬ್ಲೇಡು, ತೂತಿನ ಬಿಲ್ಲೆ ಎಲ್ಲವೂ ತಣ್ಣಗಿರಬೇಕು. ಅರೆದ ಮೇಲೆ ಮೊದಲು ಉಪ್ಪು ಹಾಕಿ ನಾದಬೇಕು. ಅಂಗೈ ಬೋರಲು ಮಾಡಿದರೂ ಮಾಂಸ ಕೆಳಗೆ ಬೀಳದಿದ್ದರೆ ಹದ ಬಂತೆಂದು ಲೆಕ್ಕ. ಫ್ಯಾಕ್ಟರಿಯವರು ಅಂಟಿಗೆಂದು ಗೋಧಿ, ಹಾಲಿನ ಪುಡಿ, ಸೋಯಾ ಸುರಿಯುತ್ತಾರೆ. ನಾವು ಮೆತ್ತಗೆ ಬೆಂದ ಅನ್ನವನ್ನು ಅರೆದು ಸೇರಿಸುತ್ತೇವೆ. ಮೆಣಸು, ಶುಂಠಿ, ಐಸ್ ನೀರು. ಬಿಸಿ ತಡೆಯುವ ತೆಳು ಹಾಳೆಯಲ್ಲಿ ಸುತ್ತಿ, ಎರಡೂ ತುದಿಗಳನ್ನು ಮಿಠಾಯಿಯಂತೆ ತಿರುಚಿ ಕಟ್ಟಿ, ಕುದಿ ಬಾರದ ಬಿಸಿನೀರಿನಲ್ಲಿ ಅರ್ಧ ಗಂಟೆ ಬೇಯಿಸಬೇಕು.

ಮಷೀನು ತೊಳೆಯಲು ಅಮ್ಮ ನನ್ನನ್ನು ಬಿಡುವುದಿಲ್ಲ. ಪ್ರತಿ ಸಲ ಎಲ್ಲವನ್ನೂ ಬಿಚ್ಚಿ, ಬ್ಲೇಡಿನ ಹಿಂದೆ ಸೂಜಿ ಹಾಕಿ ಕೆದಕಿ, ಬಿಡಿಭಾಗಗಳನ್ನು ದೊಡ್ಡ ಪಾತ್ರೆಯಲ್ಲಿ ಕುದಿಸುತ್ತಾಳೆ. ಅರೆಯುವ ಮೊದಲೊಮ್ಮೆ, ಅರೆದ ಮೇಲೊಮ್ಮೆ. ಇವತ್ತು ಹೇಳಿದೆ: "ಅಮ್ಮಾ, ಅದು ಮಷೀನು. ಮಗು ಅಲ್ಲ, ದಿನಾ ಎರಡು ಸಲ ಸ್ನಾನ ಮಾಡಿಸೋಕೆ."

"ಬಾಯಿ ಮುಚ್ಕೊಂಡು ಶುಂಠಿ ತುರಿ," ಎಂದಳು.

ಮಷೀನಿನ ಹಿಡಿಗೆ ಕೆಂಪು ದಾರವಿದೆ. ತಂಗಿಯದೆಲ್ಲಕ್ಕೂ ಕೆಂಪು ದಾರ: ಅವಳ ಚಮಚ, ತಟ್ಟೆ, ಬಾಣಲೆಯ ಕಿವಿ. ಗೋಧಿ ತಾಗಿದ್ದು ಅವಳದರ ಜೊತೆ ಬೆರೆಯದಿರಲೆಂದು ಅಮ್ಮ ಕಟ್ಟಿದ್ದು. ಅವಳು ಹೋಗಿ ಎಂಟು ತಿಂಗಳಾಯಿತು. ದಾರಗಳನ್ನು ಯಾರೂ ಬಿಚ್ಚಿಲ್ಲ.

ಜೂನ್ ೪, ಬುಧವಾರ

ನಾನು ಕೆಲಸ ಮಾಡುವ ಪ್ರೆಸ್ಸಿನಲ್ಲಿ ಊಟದ ಬಿಡುವಿನಲ್ಲಿ ಐನೂರು ಕರಪತ್ರ ಹೊಡೆದುಕೊಂಡೆ. ಯಜಮಾನರು ನೋಡಿಯೂ ನೋಡದವರಂತೆ ಟೀ ಕುಡಿಯುತ್ತಿದ್ದರು. "ಹನ್ನೆರಡು ವರ್ಷದ ಹುಡುಗಿಯನ್ನು ಕೊಂದವರು ಯಾರು?" ಎಂದು ತಲೆಬರಹ. ಈ ತಿಂಗಳ ೨೯ಕ್ಕೆ ಫ್ಯಾಕ್ಟರಿ ಗೇಟಿನ ಮುಂದೆ ಸಭೆ. ಅವತ್ತು ಅವಳಿಗೆ ಹದಿಮೂರು ತುಂಬಬೇಕಿತ್ತು.

ಆ ಮಧ್ಯಾಹ್ನದ ಬಗ್ಗೆ ನಾನು ಇಲ್ಲಿಯವರೆಗೆ ಬರೆದಿಲ್ಲ. ಬರೆಯುತ್ತೇನೆ, ಹೆದರುವುದು ನನ್ನ ಜಾಯಮಾನವಲ್ಲ.

ತಟ್ಟೆಯಲ್ಲಿ ಎರಡು ತಿಂಡಿ ಇದ್ದವು. ಅಮ್ಮ ಮನೆಯಲ್ಲೇ ಅರೆದು ಹುರಿದ ಕೋಳಿ ಉಂಡೆ. ನಾನು ತಂದ ಫ್ಯಾಕ್ಟರಿ ಸಾಸೇಜು. ಸ್ಕೂಲಿನಲ್ಲಿ ಎಲ್ಲರೂ ತಿನ್ನುತ್ತಾರೆ, ನನಗೂ ಒಂದೇ ಒಂದು ಸಲ ಎಂದು ವಾರವಿಡೀ ನನ್ನ ಜೀವ ತಿಂದಿದ್ದಳು. ಪೊಟ್ಟಣದ ಮೇಲೆ "ಗೋಧಿ ಇಲ್ಲ" ಎಂದು ಹಸಿರು ಅಕ್ಷರದಲ್ಲಿತ್ತು. ಅವಳು ಯಾವಾಗಿನಂತೆ ಚಮಚದಿಂದ ಮೇಜಿಗೆ ಎರಡು ಸಲ ಬಡಿದಳು. ನಾವು ಅವಳನ್ನು ಅಳಿಲು ಎನ್ನುತ್ತಿದ್ದೆವು, ಏನು ಕೊಟ್ಟರೂ ಎರಡೂ ಕೈಯಲ್ಲಿ ಹಿಡಿದು ಮೊದಲು ಮೂಸುತ್ತಿದ್ದಳು. ಆಮೇಲೆ ವಿಚಾರಣೆ.

"ಏನೇನಿದೆ ಹೇಳು."

"ಕೋಳಿ, ಉಪ್ಪು, ಮೆಣಸು, ಆಲೂಗಡ್ಡೆ ಹಿಟ್ಟು."

"ಇನ್ನೇನಿದೆ?"

"ಅಷ್ಟೇ."

"ದೇವರಾಣೆ?"

"ದೇವರನ್ನ ಯಾಕೆ ಎಳೀತೀಯ? ಅಕ್ಷರದಾಣೆ."

ಅಷ್ಟಕ್ಕೆ ಒಪ್ಪಿ ಎರಡನ್ನೂ ತಿಂದಳು. ಹತ್ತು ನಿಮಿಷದಲ್ಲಿ ತುಟಿ ಊದಿತು. ಉಸಿರು ಕಟ್ಟಿ ಆಸ್ಪತ್ರೆಯ ಮೆಟ್ಟಿಲ ಮೇಲೇ ಪ್ರಾಣ ಹೋಯಿತು. ಗೋಧಿ, ಎಂದರು ಡಾಕ್ಟರು.

ಉಳಿದ ಅರ್ಧ ಪೊಟ್ಟಣವನ್ನು ಇಷ್ಟು ದಿನ ಫ್ರೀಜರಿನ ಮೂಲೆಯಲ್ಲಿ ಕಾಪಾಡಿದ್ದೆ. ಹೋದ ವಾರ ಕೊನೆಗೂ ದುಡ್ಡು ಹೊಂದಿಸಿ ಅದನ್ನು ಪ್ರಯೋಗಾಲಯಕ್ಕೆ ಪರೀಕ್ಷೆಗೆ ಕಳಿಸಿದೆ. ವರದಿ ಬರಲಿ. ಗೇಟಿಗೆ ಅಂಟಿಸುತ್ತೇನೆ.

ಜೂನ್ ೮, ಭಾನುವಾರ

ಟೈಲರಮ್ಮನ ಮನೆಗೆ ನಾನೇ ಕೊಡಲು ಹೋದೆ. ಅವರ ಐದು ವರ್ಷದ ಮಗಳಿಗೆ ಗೋಧಿಯೂ ಆಗದು, ಹಾಲೂ ಆಗದು. ಹುಡುಗಿ ಸಾಸೇಜನ್ನು ಫೋರ್ಕಿಗೆ ಚುಚ್ಚಿ ದೀಪದಂತೆ ಎತ್ತಿ ಹಿಡಿದುಕೊಂಡು ಮನೆಯೆಲ್ಲ ಓಡಾಡಿತು. ತಿನ್ನುವುದನ್ನೇ ಮರೆತಿತ್ತು.

"ತಿನ್ನೇ ತಾಯಿ, ಅದು ಬಾವುಟ ಅಲ್ಲ," ಎಂದರು ಟೈಲರಮ್ಮ, ಬಾಯಲ್ಲಿ ಎರಡು ಗುಂಡುಪಿನ್ನು ಕಚ್ಚಿಕೊಂಡೇ. ಆಮೇಲೆ ಪಿನ್ನು ತೆಗೆದು ನನ್ನ ಕಡೆ ತಿರುಗಿದರು. "ನಾನು ಲೇಬಲ್ ನಂಬಲ್ಲಪ್ಪ. ಮನುಷ್ಯರ ಮುಖ ನಂಬ್ತೀನಿ. ನಿಮ್ಮ ತಂಗೀನೇ ಹೋದ ಮನೆ. ನಿಮಗಿಂತ ಹುಷಾರಾಗಿ ಯಾರು ಮಾಡ್ತಾರೆ?"

ಬರುವಾಗ ಎದೆ ಉಬ್ಬಿತ್ತು. ಕ್ರಾಂತಿ ಅಡುಗೆಮನೆಯಿಂದ ಶುರುವಾಗುತ್ತದೆಂದು ನಮ್ಮ ಓದಿನ ಗುಂಪಿನಲ್ಲಿ ಓದಿದ ಹಳದಿ ಕಿರುಹೊತ್ತಿಗೆಯ ನಾಲ್ಕನೇ ಪುಟದಲ್ಲಿದೆ. ಬರೆದವನು ಎಂದಾದರೂ ಅಡುಗೆಮನೆಗೆ ಕಾಲಿಟ್ಟಿದ್ದನೋ ಇಲ್ಲವೋ, ಮಾತು ಸತ್ಯ.

ಮನೆಗೆ ಬಂದು ಕೈ ತೊಳೆಯುತ್ತಿದ್ದೆ. ಹಿಂದೆ ಮೇಜಿನ ಮೇಲೆ ಎರಡು ಸಲ ಟಕ್ ಟಕ್ ಎಂದಿತು. ಮಟಮಟ ಮಧ್ಯಾಹ್ನ. ತಿರುಗಿದರೆ ಯಾರೂ ಇಲ್ಲ. ಅಮ್ಮ ಹಿತ್ತಲಲ್ಲಿ ಬಟ್ಟೆ ಹರವುತ್ತಿದ್ದಳು. ನಲ್ಲಿಯಿಂದ ತಟ್ಟೆಗೆ ಹನಿ ಬಿದ್ದಿರಬೇಕು. ಆದರೆ ತಟ್ಟೆ ಒಣಗಿತ್ತು.

ಜೂನ್ ೧೩, ಶುಕ್ರವಾರ

ವರದಿ ಬಂತು.

"ಗೋಧಿಯ ಅಂಶ ಕಂಡುಬಂದಿಲ್ಲ."

ಕೊಂಡುಕೊಂಡಿದ್ದಾರೆ! ಇಡೀ ಪ್ರಯೋಗಾಲಯವನ್ನೇ ಕೊಂಡುಕೊಂಡಿದ್ದಾರೆ! ನಮ್ಮ ಓದಿನ ಗುಂಪಿನ ಹಿರಿಯ, ಕನ್ನಡಕ ಎಂದೇ ನಾವು ಕರೆಯುವವನು, ಹಾಗೆಯೇ ಹೇಳಿದ. "ನೀನೇನು ಅಂದ್ಕೊಂಡಿದ್ದೆ? ಕಳ್ಳನ ಮನೆ ನಾಯಿ ಕಳ್ಳನ್ನ ಕಚ್ಚುತ್ತಾ?" ಎಂದ. ಕರಪತ್ರಕ್ಕೆ ಎರಡನೇ ತಲೆಬರಹ ಸಿಕ್ಕಿತು.

ಅಮ್ಮನಿಗೆ ಓದಿ ಹೇಳಿದೆ. ಅವಳು ಅನ್ನ ಅರೆಯುತ್ತಿದ್ದಳು. ಕೈ ನಿಲ್ಲಿಸಲಿಲ್ಲ.

"ಸಾಕು ಬಿಡೋ. ಇನ್ನೆಷ್ಟು ದಿನ ಎಳೀತೀಯ?"

"ನಿನ್ನ ಮಗಳಮ್ಮಾ ಸತ್ತಿದ್ದು!"

ಅವಳು ನನ್ನನ್ನು ನೋಡಿದ ರೀತಿ ವಿಚಿತ್ರವಾಗಿತ್ತು. ಸಿಟ್ಟಲ್ಲ. ಜ್ವರ ಬಂದ ಮಗುವಿನ ಹಣೆ ಮುಟ್ಟುವವರ ನೋಟ ಅದು. ಹೆಂಗಸರು ಬೇಗ ಸೋಲುತ್ತಾರೆಂದು ಆಗ ಅನ್ನಿಸಿತು. ಹಾಗೆ ಅನ್ನಿಸಬಾರದು, ಅದರ ವಿರುದ್ಧವೇ ಒಂದು ಕಿರುಹೊತ್ತಿಗೆ ಓದಿದ್ದೇನೆ.

ಜೂನ್ ೧೪, ಶನಿವಾರ

ಬೆಳಿಗ್ಗೆ ಮಾಂಸ ನಾದುತ್ತಾ ಬಾಯಲ್ಲಿ ಪಟ್ಟಿ ಹೇಳಿಕೊಳ್ಳುತ್ತಿದ್ದೆ. ಕೋಳಿ, ಉಪ್ಪು, ಮೆಣಸು, ಶುಂಠಿ, ಅನ್ನ, ಐಸ್ ನೀರು.

ಇನ್ನೇನಿದೆ?

ಕಿವಿಯ ಪಕ್ಕದಲ್ಲೇ. ಬಾಯಿ ತುಂಬಿಕೊಂಡು ಕೇಳುವ ತಂಗಿಯದೇ ದನಿ.

ಅಷ್ಟೇ, ಎಂದೆ ಜೋರಾಗಿ. ಅಮ್ಮ ತಲೆ ಎತ್ತಿ "ಯಾರ್ ಹತ್ರ ಮಾತಾಡ್ತಿದೀಯ?" ಎಂದಳು. ನನಗೆ ಇಂಥದರಲ್ಲಿ ನಂಬಿಕೆಯಿಲ್ಲ.

ಜೂನ್ ೨೧, ಶನಿವಾರ

ನಡೆದದ್ದನ್ನು ನಡೆದ ಹಾಗೆ ಬರೆಯಬೇಕು.

ಗೇಟಿನ ಸಭೆಗೆ ಬಂದವರಿಗೆಲ್ಲ ನಮ್ಮ ಸಾಸೇಜು ಹಂಚಬೇಕೆಂದು ನನ್ನ ಯೋಜನೆ. ಹನ್ನೆರಡು ಕಿಲೋ ಬೇಕು. ಮನೆಯ ಮಷೀನನ್ನು ಕೈಯಲ್ಲಿ ತಿರುವಿದರೆ ಭುಜ ಬಿದ್ದುಹೋಗುತ್ತದೆ. ಕೋಳಿ ಅಂಗಡಿಯ ದಪ್ಪಣ್ಣನಲ್ಲಿ ಕರೆಂಟಿನ ದೊಡ್ಡ ಮಷೀನಿದೆ. ದಪ್ಪಣ್ಣ ಕಡ್ಡಿಯಂತಿದ್ದಾನೆ, ಹೆಸರು ಇಟ್ಟವರಿಗೆ ಅವನ ಮೇಲೆ ಏನು ಸಿಟ್ಟಿತ್ತೋ. ಇವತ್ತು ಒಂದೆರಡು ಕಿಲೋ ಅರೆಸಿ ಹದ ನೋಡೋಣವೆಂದು ಹೋದೆ.

"ಬಾಪ್ಪಾ ಕರಪತ್ರ," ಎಂದ. ಅವನು ನನ್ನನ್ನು ಕರೆಯುವುದೇ ಹಾಗೆ. "ಇವತ್ತು ಯಾರನ್ನ ಕೆಳಗೆ ಇಳಿಸ್ತಿದೀಯ?"

ಮಷೀನನ್ನು ನನ್ನ ಕಣ್ಣೆದುರೇ ತೊಳೆಸಿದೆ. ಬೈದುಕೊಂಡೇ ತೊಳೆದ. ಮಾಂಸ ಅರೆದು ಮುಗಿಯಿತು. ಆಮೇಲೆ ಅವನು ಕಪಾಟಿನಿಂದ ಒಂದು ತುಂಡು ಒಣ ಬ್ರೆಡ್ ತೆಗೆದು ಮಷೀನಿನ ಬಾಯಿಗೆ ಹಾಕಿ ಒತ್ತಿದ.

"ಏಯ್! ಏನ್ ಮಾಡ್ತಿದೀಯಾ?"

"ಯಾಕೆ ಹಂಗೆ ಕಿರುಚ್ತೀಯ, ಕತ್ತರಿಸಿದ ಕೋಳಿ ಎದ್ದು ಕೂತ್ಕೊಳ್ಳುತ್ತೆ! ತಿರುಪಲ್ಲಿ ಸಿಕ್ಕಿಕೊಂಡಿರೋ ಮಾಂಸ ಎಲ್ಲಾ ಬ್ರೆಡ್ ತಳ್ಕೊಂಡು ಬರುತ್ತೆ. ಒಂದು ಚೂರೂ ಹಾಳಾಗಲ್ಲ. ಎಲ್ಲಾ ಕಡೆ ಮಾಡೋದೇ."

"ಗೋಧಿ ಅದು! ಗೋಧಿ!"

"ಕೊನೇಲಿ ಬಂದಿದ್ದನ್ನ ನಾಯಿಗೆ ಹಾಕ್ತೀನಪ್ಪ, ನಿನಗಲ್ಲ. ನಿನ್ನ ಮಾಂಸ ಆಗಲೇ ಡಬ್ಬೀಲಿದೆ."

ಬಿಲ್ಲೆಯ ತೂತುಗಳಿಂದ ಬಿಳಿ ಹುಳುಗಳಂತೆ ಬ್ರೆಡ್ಡು ಇಳಿಯಿತು. ನಾನು ನೋಡುತ್ತಾ ನಿಂತೆ.

ಬ್ರೆಡ್ಡಿನ ಈ ಉಪಾಯ ನನಗೆ ಗೊತ್ತಿತ್ತು. ಆಹಾರ ಪೋಲು ಮಾಡುವುದರ ವಿರುದ್ಧದ ಕಿರುಹೊತ್ತಿಗೆ, ಪುಟ ಹನ್ನೊಂದು. ನಾನೇ ಅಡಿಗೆರೆ ಎಳೆದಿದ್ದೆ. ಓದಿದ ಮಾರನೇ ದಿನ ನಮ್ಮ ಗುಂಪಿನವರು ಊಟಕ್ಕೆ ಬಂದಿದ್ದರು. ಅಮ್ಮನೂ ತಂಗಿಯೂ ಮನೆಯಲ್ಲಿರಲಿಲ್ಲ. ನಾನೇ ಮಾಂಸ ಅರೆದೆ. ಕೊನೆಗೆ ಕನ್ನಡಕ ತಂದಿದ್ದ ಬ್ರೆಡ್ಡಿನಲ್ಲಿ ಎರಡು ತುಂಡು ಹಾಕಿ ತಿರುವಿದೆ. ಎಲ್ಲರೂ ಚಪ್ಪಾಳೆ ತಟ್ಟಿದರು. ಆಮೇಲೆ ಮಷೀನನ್ನು ಬಿಚ್ಚದೆ ನಲ್ಲಿಯ ಕೆಳಗೆ ಹಿಡಿದು ಅದರ ಜಾಗಕ್ಕೆ ಇಟ್ಟೆ.

ಅದು ಅವಳು ಹೋಗುವ ಹಿಂದಿನ ದಿನ.

ಮಾಂಸದ ಡಬ್ಬಿಯನ್ನು ಅಲ್ಲೇ ಬಿಟ್ಟು ಬಂದೆ. ದಪ್ಪಣ್ಣ ಹಿಂದಿನಿಂದ ಕೂಗುತ್ತಲೇ ಇದ್ದ.

ಜೂನ್ ೨೨, ಭಾನುವಾರ

ಅಮ್ಮ ಮಷೀನಿನ ಬಿಡಿಭಾಗಗಳನ್ನು ಬಟ್ಟೆಯ ಮೇಲೆ ಒಣಹಾಕುತ್ತಿದ್ದಳು. ನಾನು ಹಿಡಿಯನ್ನು ಎತ್ತಿಕೊಂಡೆ.

"ಈ ದಾರ ಯಾವಾಗ ಕಟ್ಟಿದ್ದು?"

ಅವಳು ಬ್ಲೇಡನ್ನು ತಿರುವಿ ಹಾಕಿದಳು.

"ಅವಳಿದ್ದಾಗ ಇದಕ್ಕೆ ದಾರ ಇರ್ಲಿಲ್ಲ. ಮನೇಲಿದ್ದದ್ದು ಒಂದೇ ಮಷೀನು, ಎಲ್ಲಾ ಅದರಲ್ಲೇ. ಯಾವಾಗ ಕಟ್ಟಿದೆ ಹೇಳಮ್ಮಾ."

"ಅವಳು ಹೋದ ಮಾರನೇ ದಿನ."

ಸೂಜಿಯನ್ನು ಸೆರಗಿಗೆ ಚುಚ್ಚಿಕೊಂಡು ನೆಲದ ಮೇಲೆ ಕೂತಳು. ಅವಳು ಹೇಳಿದ್ದನ್ನು ಅವಳ ಮಾತಲ್ಲೇ ಬರೆಯುತ್ತೇನೆ.

"ಅವತ್ತು ಜನ ಎಲ್ಲಾ ಹೋದ್ಮೇಲೆ ಪಾತ್ರೆ ತೊಳೆಯೋಕೆ ಕೂತೆ. ಕೈಗೆ ಏನಾದ್ರೂ ಕೆಲ್ಸ ಬೇಕಿತ್ತು. ಮಷೀನು ಬಿಚ್ಚಿದೆ. ಬ್ಲೇಡ್ ಹಿಂದೆ ಬೂದು ಬಣ್ಣದ್ದು ಹಿಟ್ಟಿನ ಹಾಗೆ ಅಂಟ್ಕೊಂಡಿತ್ತು. ಮೂಸಿ ನೋಡಿದೆ. ಬ್ರೆಡ್ ಅಂತ ಗೊತ್ತಾಯ್ತು. ಈ ಮನೇಲಿ ಯಾರು ಹಾಕಿರ್ತಾರೆ ಅಂತಾನೂ ಗೊತ್ತಾಯ್ತು."

"ಎಂಟು ತಿಂಗಳು ಸುಮ್ಮನಿದ್ದೆಯಾ? ನಾನು ಊರೆಲ್ಲಾ ಕಾಗದ ಅಂಟಿಸ್ತಿದ್ರೂ?"

"ಇದ್ದೆ."

"ಯಾಕೆ?"

"ಒಬ್ಬಳು ಹೋಗಿದ್ದಳು. ನಿನ್ನ ಸ್ವಭಾವ ನನಗೆ ಗೊತ್ತಿಲ್ವಾ? ಫ್ಯಾಕ್ಟರಿ ಮೇಲೆ ಕೂಗಾಡ್ಕೊಂಡಾದ್ರೂ ಇರ್ಲಿ ಅಂದ್ಕೊಂಡೆ. ಕೂಗೋವ್ನು ಬದುಕಿರ್ತಾನೆ." ಬಲಗೈ ಮುಂದೆ ಚಾಚಿದಳು. "ನೀನೊಬ್ಬನೇ ಅಂದ್ಕೋಬೇಡ. ಅವಳ ಉಂಡೆಗೆ ಮಷೀನು ತಿರುವಿದ ಕೈ ನಂದು ಕಣೋ. ಬಿಚ್ಚಿ ನೋಡದೆ ತಿರುವಿದೆ."

ಅವಳ ಬೆರಳ ತುದಿಗಳಲ್ಲಿ ಸಣ್ಣ ಸಣ್ಣ ಸುಟ್ಟ ಕಲೆಗಳಿವೆ. ಕುದಿಯುವ ನೀರಿನಿಂದ ಬ್ಲೇಡು ತೆಗೆದು ತೆಗೆದು ಆದದ್ದು. ಇಷ್ಟು ದಿನ ನಾನು ನೋಡಿರಲಿಲ್ಲ.

ಜೂನ್ ೨೪, ಮಂಗಳವಾರ

ಕೆಲಸಕ್ಕೆ ಹೋಗಲಿಲ್ಲ. ಇಡೀ ದಿನ ತಂಗಿ ಕೇಳುತ್ತಿದ್ದಳು: ಇನ್ನೇನಿದೆ?

ಜೂನ್ ೨೬, ಗುರುವಾರ

ಕನ್ನಡಕನಿಗೆ ಹೇಳಿದೆ. ಅವನು ಕನ್ನಡಕ ತೆಗೆದು ಅಂಗಿಯಲ್ಲಿ ಒರೆಸಿದ, ಮತ್ತೆ ಒರೆಸಿದ.

"ಇದನ್ನ ಬೇರೆ ಯಾರಿಗಾದ್ರೂ ಹೇಳಿದೀಯಾ?"

"ಅಮ್ಮನಿಗೆ ಮೊದಲೇ ಗೊತ್ತಿತ್ತು."

"ಹಾಗಾದ್ರೆ ಮೂರೇ ಜನ. ನೋಡು, ಇದರಲ್ಲಲ್ಲದಿದ್ರೆ ಇನ್ನೊಂದರಲ್ಲಿ ಆ ಫ್ಯಾಕ್ಟರಿಯವರು ಕಳ್ಳರೇ. ಭಾನುವಾರ ಜನ ಸೇರ್ತಿದ್ದಾರೆ. ನೀನೀಗ ಬಾಯಿ ಬಿಟ್ರೆ ನಾಳೆ ನಿಜವಾಗ್ಲೂ ಅನ್ಯಾಯ ಆದವರನ್ನೂ ಯಾರೂ ನಂಬಲ್ಲ. ಒಂದು ಬ್ರೆಡ್ ಚೂರಿಗೆ ಹೋರಾಟನೇ ಬಲಿ ಕೊಡ್ತೀಯಾ?"

ಹೋದ ತಿಂಗಳಾಗಿದ್ದರೆ ಈ ಮಾತನ್ನು ನಾನೇ ಬೇರೆ ಯಾರಿಗೋ ಹೇಳುತ್ತಿದ್ದೆ, ಇದಕ್ಕಿಂತ ಚೆನ್ನಾಗಿ. "ಆ ಬ್ರೆಡ್ ನೀನು ತಂದಿದ್ದು, ನೆನಪಿದೆಯಾ?" ಎಂದಷ್ಟೇ ಕೇಳಿದೆ. ದೂರಲು ಕೇಳಿದ್ದಲ್ಲ. ಅವನ ಮುಖ ಬಿಳಿಚಿಕೊಂಡಿತು. ಎದ್ದು ಹೋದ.

ಜೂನ್ ೨೮, ಶನಿವಾರ

ಹನ್ನೊಂದು ಮನೆಗಳಿಗೂ ಹೋಗಿ ಹೇಳಿದೆ. ಮೇಷ್ಟ್ರು ಒಳಗೆ ಕರೆದು ಕೂರಿಸಿದರು. ಮೂರು ಮನೆಯವರು ಬಾಗಿಲಲ್ಲೇ ಕೇಳಿಸಿಕೊಂಡು ಬಾಗಿಲು ಹಾಕಿಕೊಂಡರು. ಟೈಲರಮ್ಮನ ಮನೆಗೆ ಕೊನೆಗೆ ಹೋದೆ, ಧೈರ್ಯ ಸಾಲದೆ.

ಅವರು ಹೊಲಿಯುತ್ತಿದ್ದರು. ಕಾಲು ಪೆಡಲಿನ ಮೇಲೆ ನಿಂತುಹೋಯಿತು.

"ನನ್ನ ಮಗಳು ತಿಂದಿದ್ದರಲ್ಲಿ?"

"ಇಲ್ಲ. ಅಮ್ಮ ಪ್ರತಿ ಸಲ ಬಿಚ್ಚಿ ಕುದಿಸಿದ್ದಾಳೆ. ತಂಗಿ ಹೋದಾಗಿಂದ ಬ್ರೆಡ್ ಮನೆಯೊಳಗೆ ಬಂದೇ ಇಲ್ಲ."

"ನಿಮಗೆ ಗೊತ್ತಿತ್ತಾ, ಅವರು ಯಾಕೆ ಕುದಿಸ್ತಾರೆ ಅಂತ?"

"ಇಲ್ಲ. ನಾನು ನಗ್ತಿದ್ದೆ."

ಒಳಗೆ ಹೋಗಿ, ಫ್ರಿಜ್ಜಿನಲ್ಲಿ ಉಳಿದಿದ್ದ ಪೊಟ್ಟಣ ತಂದು ನನ್ನ ಕೈಯಲ್ಲಿಟ್ಟರು. ಹುಡುಗಿ ಬಾಗಿಲ ಸಂದಿಯಿಂದ "ನನ್ ಬಾವುಟ!" ಎಂದು ಅಳತೊಡಗಿತು. ನಾನು ಮೆಟ್ಟಿಲಿಳಿದಿದ್ದೆ. ಮೇಲಿನಿಂದ ಟೈಲರಮ್ಮ ಕರೆದರು.

"ನಿಮ್ಮಮ್ಮನ ಕೈಲಿ ಮಾಡಿಸಿ ಕಳಿಸಿ. ಅವರೊಬ್ಬರೇ ಮಾಡ್ಲಿ. ನೀವು ಮುಟ್ಬೇಡಿ."

ಆಗಲಿ ಎಂದೆ.

ಜೂನ್ ೨೯, ಭಾನುವಾರ

ನಲವತ್ತು ಜನ ಬಂದಿದ್ದರು. ಉಳಿದಿದ್ದ ಹಳೆಯ ಕರಪತ್ರಗಳನ್ನು ನಿನ್ನೆಯೇ ಪ್ರೆಸ್ಸಿನ ಕಟಿಂಗ್ ಮಷೀನಿಗೆ ಕೊಟ್ಟು ಚೂರು ಮಾಡಿದ್ದೆ. ಹೊಸದನ್ನು ಯಜಮಾನರನ್ನು ಕೇಳಿಯೇ ಅಚ್ಚು ಹಾಕಿದೆ. ಅವರು ಓದಿದರು. ಒಂದು ಅಕ್ಷರದ ತಪ್ಪು ತಿದ್ದಿ ಕೊಟ್ಟರು.

ಗೇಟಿನ ಮುಂದೆ ನಿಂತು ಅದನ್ನೇ ಓದಿದೆ. ಅದರಲ್ಲಿ ಹೀಗಿತ್ತು:

"ನನ್ನ ತಂಗಿ ಈ ಫ್ಯಾಕ್ಟರಿಯ ಸಾಸೇಜಿನಿಂದ ಸಾಯಲಿಲ್ಲ. ನಮ್ಮ ಮನೆಯ ಕೀಮಾ ಮಷೀನಿನಲ್ಲಿ ಹಿಂದಿನ ದಿನ ನಾನು ಬ್ರೆಡ್ ಹಾಕಿದ್ದೆ. ಬಿಚ್ಚಿ ತೊಳೆಯಲಿಲ್ಲ. ಅದು ಅವಳ ಉಂಡೆಗೆ ಸೇರಿತು. ಗೋಧಿ ಒಗ್ಗದವರು ಮನೆಯಲ್ಲಿದ್ದರೆ ಮಷೀನನ್ನು ಪ್ರತಿ ಸಲ ಪೂರ್ತಿ ಬಿಚ್ಚಿ. ಬ್ಲೇಡಿನ ಹಿಂದೆ ನೋಡಿ. ಸಾಧ್ಯವಾದರೆ ಅವರಿಗೆಂದೇ ಬೇರೆ ಮಷೀನು ಇಡಿ."

ಒಬ್ಬಾತ "ಎಷ್ಟು ತಿಂದ್ಯೋ ಫ್ಯಾಕ್ಟರಿಯವರ ಹತ್ರ?" ಎಂದು ಕೂಗಿದ. ಕನ್ನಡಕ ಬಂದಿದ್ದ, ಹಿಂದೆ ನಿಂತಿದ್ದ. ಕೂಗಿದವನ ತೋಳು ಹಿಡಿದು ಏನೋ ಹೇಳಿದ. ಜನ ಕರಗಿದರು. ಕಾವಲುಗಾರ ಮಾತ್ರ ಗೇಟಿನ ಸರಳುಗಳ ನಡುವೆ ಕೈ ಚಾಚಿ ಒಂದು ಹಾಳೆ ಕೇಳಿದ. ತುಟಿ ಅಲ್ಲಾಡಿಸುತ್ತಾ ಓದಿದ. "ನಮ್ಮನೇಲೂ ಒಂದು ಮಷೀನಿದೆ," ಎಂದು ಹಾಳೆಯನ್ನು ನಾಲ್ಕಾಗಿ ಮಡಚಿ ಜೇಬಿನಲ್ಲಿಟ್ಟುಕೊಂಡ.

ಮನೆಗೆ ಬಂದಾಗ ಹನ್ನೆರಡೂವರೆ. ಅಮ್ಮ ಒಬ್ಬಳೇ ಸಾಸೇಜು ಮಾಡಿದ್ದಳು, ಎರಡನೇ ಸಲ ಮಷೀನು ಕುದಿಯುತ್ತಿತ್ತು. ನಾನು ಯಾವುದನ್ನೂ ಮುಟ್ಟಲಿಲ್ಲ. ಅಮ್ಮನೇ ಕೆಂಪು ದಾರದ ತಟ್ಟೆ ತೆಗೆದು, ಎರಡು ಸಾಸೇಜು ಹಾಕಿ, ಚಮಚ ಇಟ್ಟು, ಮೇಜಿನ ಮೇಲೆ ತಂಗಿ ಕೂರುತ್ತಿದ್ದ ಬದಿಗೆ ಸರಿಸಿದಳು. ಇವತ್ತು ಯಾವ ದಿನವೆಂದು ಇಬ್ಬರೂ ಹೇಳಲಿಲ್ಲ.

ಟಕ್ ಟಕ್ ಎಂದಿತು. ಪಾತ್ರೆಯಲ್ಲಿ ಬಿಲ್ಲೆ ಅಲುಗಿದ್ದು, ನನಗೆ ಗೊತ್ತು.

ನಾನು ಪಟ್ಟಿ ಹೇಳಿದೆ. ಕೋಳಿ, ಉಪ್ಪು, ಮೆಣಸು, ಶುಂಠಿ, ಅನ್ನ, ಐಸ್ ನೀರು.

ಇನ್ನೇನಿದೆ?

"ಇದರಲ್ಲಿ ಅಷ್ಟೇ," ಎಂದೆ. "ಅವತ್ತಿನದರಲ್ಲಿ ಬ್ರೆಡ್ ಇತ್ತು. ಎರಡು ತುಂಡು. ನಾನು ಹಾಕಿದ್ದು."

ಅಮ್ಮ ಒಲೆ ಆರಿಸಿದಳು. ನೀರಿನ ಸದ್ದು ನಿಧಾನವಾಗಿ ನಿಂತಿತು. ನಾನು ತಟ್ಟೆಯನ್ನೇ ನೋಡುತ್ತಾ ಕಾದೆ. ಸಾಸೇಜು ತಣ್ಣಗಾಗುವ ತನಕ ಕಾದೆ. ತಂಗಿ ಮತ್ತೆ ಕೇಳಲಿಲ್ಲ.

ಇನ್ನೊಂದು ಸಲ ಕೇಳಿದ್ದರೆ ಚೆನ್ನಾಗಿತ್ತು.